ಮೂಡಲ ಕಂಬದ ಕುಂಕುಮ

ನಮ್ಮ ಕಾರ್ಖಾನೆಯಲ್ಲಿ ಬಾಸ್ಕೆಟ್‌ಬಾಲ್ ಕಂಬಕ್ಕೂ ಆಯುಧಪೂಜೆ ನಡೆಯುತ್ತಿತ್ತು. ಲೇತ್ ಮಿಷನ್ನಿಗೆ, ಲಾರಿಗೆ, ಕ್ಯಾಂಟೀನಿನ ಗ್ರೈಂಡರಿಗೆ ಆದಮೇಲೆ ನಮ್ಮ ಸರದಿ. ಅಂಕಣದ ಎರಡು ಕೊನೆಗೆ ಎರಡು ಕಂಬ. ಪೂಜೆ ಮಾತ್ರ ಮೂಡಲ ದಿಕ್ಕಿನದಕ್ಕೆ. ಅದಕ್ಕೆ ಬಕೆಟ್ಟುಗಟ್ಟಲೆ ನೀರು ಹೊಯ್ದು ತೊಳೆದು, ಒಣಗಿದ ಮೇಲೆ ಬೆಳ್ಳಿ ಬಣ್ಣ ಬಳಿದು, ವಿಭೂತಿಯ ಪಟ್ಟೆ ಎಳೆದು, ಕುಂಕುಮ ಇಟ್ಟು, ಬಾಳೆಕಂದು ಕಟ್ಟಿ, ಬೂದುಗುಂಬಳ ಒಡೆಯುತ್ತಿದ್ದೆವು. ಪೂಜೆ ತಟ್ಟೆ ಇಡಲು ಅನುಕೂಲವಾಗಲಿ ಅಂತ ಯಾರೋ ಪುಣ್ಯಾತ್ಮರು ಕಂಬದ ಬುಡಕ್ಕೆ ಟೈಲ್ಸ್ ಹಾಕಿಸಿ, ಗೇಣೆತ್ತರದ ಕಟ್ಟೆ ಕಟ್ಟಿಸಿದ್ದರು. ಹೊಯ್ದ ನೀರು ಆ ಕಟ್ಟೆಯೊಳಗೆ ಇಳಿದು ಎಲ್ಲಿಗೆ ಹೋಗುತ್ತದೆ ಅಂತ ಯಾರೂ ಕೇಳಿರಲಿಲ್ಲ. ನಾನೂ ಕೇಳಿರಲಿಲ್ಲ.

ಇದು ತೊಂಬತ್ತರ ದಶಕದ ಕೊನೆಯ ಮಾತು. ಮೈಸೂರಿನ ಮೇಟಗಳ್ಳಿ ಕಡೆಯ ಒಂದು ಕಾರ್ಖಾನೆ, ಹೆಸರು ಬೇಡ. ನಾನು ಅಲ್ಲಿನ ಹೆಂಗಸರ ತಂಡದ ಕ್ಯಾಪ್ಟನ್. ಓದಿದ್ದು ಏಳನೇ ಕ್ಲಾಸು. ಆಟ ನೋಡಿ ಕೆಲಸಕ್ಕೆ ತೆಗೆದುಕೊಂಡಿದ್ದರು. ಬೆಳಿಗ್ಗೆಯೆಲ್ಲ ಪ್ಯಾಕಿಂಗ್ ವಿಭಾಗದಲ್ಲಿ ಡಬ್ಬ ಕಟ್ಟುವುದು, ಊಟದ ಗಂಟೆ ಹೊಡೆದ ಮೇಲೆ ಅಂಕಣ. ಅದಕ್ಕೆ ಪ್ರಾಕ್ಟೀಸ್ ಪರ್ಮಿಷನ್ ಅಂತ ಹೆಸರು. ಆಡುವವರೆಗೆ ಆ ಪರ್ಮಿಷನ್. ಆಟ ನಿಂತ ದಿನ ಪೂರ್ತಿ ಪ್ಯಾಕಿಂಗ್, ಅದೂ ಶಿಫ್ಟಿನ ಮೇಲೆ. ಮೂವತ್ತು ದಾಟಿದ ಆಟಗಾರ್ತಿ ಯಾರೇ ಆಗಲಿ, ಬೆಳಿಗ್ಗೆ ಎದ್ದು ಮಂಡಿ ಮಡಚಿ ನೋಡಿಕೊಳ್ಳುವಾಗ ನೆನೆಯುತ್ತಿದ್ದುದು ಇದನ್ನೇ. ನನಗೆ ಶಾಲೆಗೆ ಹೋಗುವ ಮಗಳಿದ್ದಳು, ಶ್ರೀರಾಂಪುರದಲ್ಲಿ ಬಾಡಿಗೆ ಮನೆ. ಶಿಫ್ಟಿಗೆ ಹಾಕಿದರೆ ಮನೆಯಲ್ಲಿ ಅವಳನ್ನು ನೋಡಿಕೊಳ್ಳುವವರಿಲ್ಲ.

ನನ್ನ ಹೊಟ್ಟೆಪಾಡು ಒಂದೇ ಹೊಡೆತ. ಎಡಗಡೆಯಿಂದ ಓರೆಯಾಗಿ ನಿಂತು, ಬಾಲನ್ನು ಬೋರ್ಡಿನ ಮೇಲೆ ಬರೆದ ಚೌಕದ ಮೂಲೆಗೆ ತಾಗಿಸಿ ರಿಂಗಿನೊಳಕ್ಕೆ ಬೀಳಿಸುವುದು. ಹುಡುಗಿಯಾಗಿದ್ದಾಗಿನಿಂದ ಅದನ್ನೇ ತೀಡಿದ್ದೆ. ಕಣ್ಣು ರಿಂಗು ನೋಡಬಾರದು, ಚೌಕ ನೋಡಬೇಕು. ಮೊಣಕೈ ಹೊರಕ್ಕೆ ಹೋಗಬಾರದು. ಬೆರಳ ತುದಿ ಕೊನೆಗೆ ಕೆಳಕ್ಕೆ ಬಾಗಬೇಕು. ಇಷ್ಟು ಸರಿಯಿದ್ದರೆ ಬಾಲಿಗೆ ಬೇರೆ ದಾರಿಯೇ ಇಲ್ಲ.

ಆ ವರ್ಷ ಆಯುಧಪೂಜೆ ಕಳೆದು ಚಳಿ ಶುರುವಾದ ಮೇಲೆ ಬಾಲು ಬೇರೆ ದಾರಿ ಹುಡುಕಿಕೊಂಡಿತು. ಪಡುವಲ ಕಂಬದ ಕಡೆ ಹೊಡೆದರೆ ಚೌಕಕ್ಕೆ ಸರಿಯಾಗಿ ತಾಗುತ್ತದೆ, ಆದರೆ ಜೋರಾಗಿ ಕೆಳಕ್ಕೆ ಇಳಿದು ರಿಂಗಿನ ಮುಂದಿನ ಅಂಚಿಗೆ ಬಡಿದು ಆಚೆಗೆ ಹಾರುತ್ತದೆ. ಮಧ್ಯಾಹ್ನದ ಬಿಸಿಲು ಆ ಕಡೆಯಿಂದಲೇ ಕಣ್ಣಿಗೆ ಹೊಡೆಯುತ್ತದೆ, ಅದಕ್ಕೇ ಹೀಗೆ ಅಂದುಕೊಂಡೆ. ಮೋಡ ಇದ್ದ ದಿನವೂ ಹಾಗೇ ಆಯಿತು. ಭುಜಕ್ಕೆ ಎಣ್ಣೆ ತಿಕ್ಕಿಕೊಂಡೆ. ಬೆಳಿಗ್ಗೆ ಬೇಗ ಬಂದು ಒಬ್ಬಳೇ ಹೊಡೆದೆ. ಊಹೂಂ.

ನಮ್ಮ ಕೋಚ್ ಒಳ್ಳೆಯ ಆಟಗಾರರಾಗಿದ್ದವರು, ಬಾಯಿ ಮಾತ್ರ ಹರಿತ.

"ಏನಮ್ಮಾ, ಕಣ್ಣಿಗೆ ಪೊರೆ ಬಂತಾ? ಹಪ್ಪಳ ಒತ್ತೋ ವಯಸ್ಸು ಕಣಮ್ಮ ನಿಂದು. ಇಲ್ಲಿ ಬಂದು ರಿಂಗ್ ಒತ್ತಾ ಇದೀಯ."

"ಹಪ್ಪಳಾನೂ ಒತ್ತೀನಿ ಸಾರ್, ಚೌಕಕ್ಕೂ ಹೊಡೀತೀನಿ. ಬಾಲು ವಾಪಸ್ ಬರೋದು ಸರಿ ಇಲ್ಲ."

"ಬಾಲಿಗೆ ಬುದ್ಧಿ ಹೇಳು ಹಾಗಾದ್ರೆ."

ಹುಡುಗಿಯರು ನಕ್ಕರು. ಹೆಚ್ಚು ಜೋರಾಗಿ ನಕ್ಕವಳು ಉದ್ದನೆ ಹುಡುಗಿ. ನಂಜನಗೂಡಿನ ಕಡೆಯ ಹಳ್ಳಿಯವಳು, ತಂಡದಲ್ಲೆಲ್ಲ ಎತ್ತರ, ಕೆಲಸಕ್ಕೆ ಸೇರಿ ವರ್ಷ ತುಂಬಿರಲಿಲ್ಲ. ಅವಳದು ಇನ್ನೂ ಟೆಂಪರವರಿ ಕೆಲಸ. ರಾಜ್ಯ ತಂಡಕ್ಕೆ ಆಯ್ಕೆಯಾದರೆ ಖಾಯಂ ಮಾಡುತ್ತೇವೆ ಅಂತ ಮೇಲಿನವರು ಹೇಳಿದ್ದರು. ರಿಂಗಿನ ಕೆಳಗೆ ನಿಂತು, ಬೋರ್ಡಿಗೆ ಬಡಿದು ಬಂದ ಬಾಲನ್ನು ನಾಲ್ಕು ಜನರ ತಲೆಯ ಮೇಲಿಂದ ಕಿತ್ತುಕೊಂಡು ಅಲ್ಲೇ ಮತ್ತೆ ಒಳಗೆ ಹಾಕುವುದು ಅವಳ ಕೆಲಸ. ಅವಳ ಊಟ, ಉಸಿರು ಎಲ್ಲ ರಿಂಗಿನ ಕೆಳಗೇ.

ಒಂದು ದಿನ ನಾನು ಹೊಲಿಗೆ ದಾರಕ್ಕೆ ಒಂದು ನಟ್ಟು ಕಟ್ಟಿ, ಉದ್ದನೆ ಹುಡುಗಿಯನ್ನು ಏಣಿ ಹತ್ತಿಸಿ, ಎರಡೂ ಕಡೆಯ ಬೋರ್ಡಿನ ಮೇಲಂಚಿಗೆ ಇಳಿಬಿಡಿಸಿದೆ. ಗಾರೆಯವರು ಗೋಡೆ ನೇರವಿದೆಯೇ ನೋಡಲು ತೂಗುಗುಂಡು ಬಿಡುವ ಹಾಗೆ. ಮೂಡಲ ಬೋರ್ಡಿಗೆ ದಾರ ಅಂಟಿಕೊಂಡಂತೆ ನಿಂತಿತು. ಪಡುವಲ ಬೋರ್ಡಿನ ಕೆಳಗೆ ದಾರಕ್ಕೂ ಹಲಗೆಗೂ ನಡುವೆ ಅಂಗೈ ಹೋಗುವಷ್ಟು ಜಾಗ. ಬೋರ್ಡು ಮುಂದಕ್ಕೆ ಬಾಗಿತ್ತು.

ಕೋಚ್ ನೋಡಿದರು. ಒಪ್ಪಿದರು ಕೂಡ, ಅದನ್ನು ಇಲ್ಲ ಅನ್ನಲಾರೆ. ಮೇಂಟೆನೆನ್ಸ್‌ನವನನ್ನು ಕರೆಸಿ, ಪಡುವಲ ಕಂಬದ ಬುಡ ಅಗೆಸಿ, ಕಾಂಕ್ರೀಟು ತುಂಬಿಸಿ, ಹಿಂದಕ್ಕೆ ತಂತಿ ಎಳೆದು ಬಿಗಿಸಿದರು. ಅಗೆದಾಗ ನಾನು ಬಗ್ಗಿ ನೋಡಿದೆ. ಕಬ್ಬಿಣ ಗಟ್ಟಿಯಾಗಿತ್ತು, ಮಣ್ಣು ಕುಸಿದಿತ್ತು ಅಷ್ಟೆ. ನನ್ನ ಹೊಡೆತ ಮತ್ತೆ ಬೀಳತೊಡಗಿತು. ಎಲ್ಲ ಸರಿಹೋಯಿತು ಅಂತ ಎಲ್ಲರೂ ಅಂದುಕೊಂಡರು.

ಒಂದು ಸರಿಹೋಗಲಿಲ್ಲ. ಶಬ್ದ.

ರಿಂಗಿನ ಕೆಳಗೆ ಗುಂಪು ಸೇರಿ ಬಾಲು ಬೋರ್ಡಿಗೆ ಜೋರಾಗಿ ಬಡಿದಾಗ, ಬಡಿದ ಸದ್ದು ಮುಗಿದ ಮೇಲೆ ಸಣ್ಣಗೆ ಒಂದು ನರಳು ಬರುತ್ತಿತ್ತು. ಹಳೆ ಬಾಗಿಲು ತಾನಾಗಿ ತೆರೆದುಕೊಂಡ ಹಾಗೆ. ವಾಲಿದ ಪಡುವಲ ಕಂಬದ್ದೇ ಆ ಸದ್ದು ಅಂತ ಅಲ್ಲಿಯವರೆಗೆ ನಂಬಿದ್ದೆ. ಈಗ ಅದನ್ನು ತಂತಿ ಹಾಕಿ ಕಟ್ಟಿದ್ದಾರೆ, ಅಲುಗುವುದಿಲ್ಲ. ಆದರೂ ನರಳು ಇದೆ. ನೇರವಾಗಿ ನಿಂತ, ಬೆಳ್ಳಗೆ ಹೊಳೆಯುವ, ಪೂಜೆ ಮಾಡಿಸಿಕೊಳ್ಳುವ ಮೂಡಲ ಕಂಬದಿಂದ ಬರುತ್ತಿದೆ.

"ನಿಂಗೆ ಕೇಳುಸ್ತಾ?" ಅಂತ ಉದ್ದನೆ ಹುಡುಗಿಯನ್ನು ಕೇಳಿದೆ.

"ಏನಕ್ಕ?"

"ಕಂಬ."

"ಕಂಬ ಮಾತಾಡಕ್ಕೆ ಶುರುವಾಯ್ತಾ ನಿಮ್ ಜೊತೆ? ಕೋಚ್ ಸಾರ್ ಬೈಯೋದು ಸಾಲ್ದು ಅಂತಾನಾ?"

ಬೇಸಿಗೆ ಹಾಗೇ ಕಳೆಯಿತು.

ಅಂಕಣ ಗುಡಿಸುತ್ತಿದ್ದ ಹೆಂಗಸಿನ ಬಗ್ಗೆ ಹೇಳಬೇಕು. ನನಗಿಂತ ಹಿರಿಯಳು, ಭಕ್ತಿ ಜಾಸ್ತಿ. ಪ್ರತಿ ಶುಕ್ರವಾರ ಮೂಡಲ ಕಂಬಕ್ಕೆ ಒಂದು ಕೊಡ ನೀರು ಹೊಯ್ದು, ಬುಡಕ್ಕೆ ಕುಂಕುಮ ಹಚ್ಚಿ, ಕೈ ಮುಗಿದೇ ಪೊರಕೆ ಹಿಡಿಯುತ್ತಿದ್ದಳು.

"ನಿಮ್ ಕೈಕಾಲ್ ಮುರೀದಂಗೆ ನೋಡ್ಕೊಳ್ತಿರೋಳು ಈ ತಾಯಿ ಕಣವ್ವ. ನೀವು ಕುಣೀತೀರಿ, ನಾನು ನೀರಾಕ್ತೀನಿ," ಅನ್ನುತ್ತಿದ್ದಳು.

ಹಾಗಾಗಿ ಕಂಬದ ಬುಡ ವರ್ಷಪೂರ್ತಿ ಕೆಂಪಗೇ ಇರುತ್ತಿತ್ತು. ನಾವೂ ಆಟಕ್ಕೆ ಇಳಿಯುವ ಮೊದಲು ಬುಡ ಮುಟ್ಟಿ ಕಣ್ಣಿಗೆ ಒತ್ತಿಕೊಳ್ಳುತ್ತಿದ್ದೆವು. ಹೊರಗಿನ ತಂಡದವರು ಬಂದರೆ ಅವರೂ ನಮ್ಮನ್ನು ನೋಡಿ ಹಾಗೇ ಮಾಡುತ್ತಿದ್ದರು.

ಮಳೆಗಾಲ ಹಿಡಿದುಕೊಳ್ಳುವ ಹೊತ್ತಿಗೆ ಆಕೆ ಮಗಳ ಬಾಣಂತನಕ್ಕೆ ಅಂತ ಊರಿಗೆ ಹೋದಳು. ಅವಳ ಬದಲಿಗೆ ಬಂದವನು ಗುಡಿಸಿದರೆ ಸಾಕು ಅನ್ನುವವನು. ಕುಂಕುಮವೂ ಇಲ್ಲ, ನೀರೂ ಇಲ್ಲ. ಆಷಾಢದ ಜಿಟಿಜಿಟಿ ಮಳೆ ವಾರಗಟ್ಟಲೆ ಹುಯ್ದಿತು. ಒಂದು ಮಧ್ಯಾಹ್ನ ಮಳೆ ನಿಂತಾಗ ಅಂಕಣದ ನೀರು ಗೋಣಿಚೀಲದಲ್ಲಿ ಒರೆಸುತ್ತಿದ್ದೆವು. ಅಭ್ಯಾಸದ ಮೇಲೆ ನಾನು ಕಂಬದ ಬುಡ ಮುಟ್ಟಿದೆ. ಕೈ ಕೆಂಪಾಯಿತು.

"ಕುಂಕುಮ ಯಾರಿಟ್ರೇ?" ಅಂದೆ.

ಯಾರೂ ಇಟ್ಟಿರಲಿಲ್ಲ. "ಗುಡ್ಸೋ ಅಮ್ಮಂದೇ ಇರ್ಬೇಕು ಬುಡಿ ಅಕ್ಕ," ಅಂದಳು ಉದ್ದನೆ ಹುಡುಗಿ.

ಅಮ್ಮ ಊರಿಗೆ ಹೋಗಿ ತಿಂಗಳಾಗಿತ್ತು. ಅಷ್ಟು ದಿನದ ಮಳೆಗೆ ಯಾವ ಕುಂಕುಮ ನಿಲ್ಲುತ್ತದೆ? ನಾನು ಬೆರಳು ಮೂಸಿ ನೋಡಿದೆ. ಬಾವಿಯ ಹಳೆ ರಾಟೆಯ ವಾಸನೆ. ಕುಂಕುಮವಾದರೆ ಉಗುರಿನ ಸಂದಿಯಲ್ಲಿ ಕೆಂಪಗೆ ನಿಲ್ಲುತ್ತದೆ. ಇದು ಒಣಗುತ್ತಾ ಕಾವಿ ಬಣ್ಣಕ್ಕೆ ತಿರುಗಿತು. ಬೆಳ್ಳಿ ಬಣ್ಣದ ಕೆಳಗಿನಿಂದ, ಕಟ್ಟೆಯ ಟೈಲ್ಸಿಗೂ ಕಂಬಕ್ಕೂ ನಡುವಿನ ಸಂದಿಯಿಂದ ಸಣ್ಣಗೆ ಜಿನುಗುತ್ತಿತ್ತು. ತುಕ್ಕು.

ಬಳೆಗೆ ಸಿಕ್ಕಿಸಿಕೊಂಡಿದ್ದ ಸೇಫ್ಟಿಪಿನ್ನು ಬಿಚ್ಚಿ ಆ ಸಂದಿಯ ಹತ್ತಿರ ಒತ್ತಿದೆ. ಬಣ್ಣದ ಪೊರೆ ತಡೆಯಿತು, ಆಮೇಲೆ ದಾರಿ ಬಿಟ್ಟಿತು. ಪಿನ್ನು ಕಂಬದೊಳಕ್ಕೆ ತಲೆಯವರೆಗೂ ಇಳಿಯಿತು. ಕಬ್ಬಿಣಕ್ಕೆ ಪಿನ್ನು ಇಳಿಯಬಾರದು. ನಾನು ಕತ್ತೆತ್ತಿ ಮೇಲೆ ನೋಡಿದೆ. ಮುಂದಕ್ಕೆ ಚಾಚಿದ ಕಬ್ಬಿಣದ ತೋಳು, ಅದರ ತುದಿಗೆ ಮರದ ಬೋರ್ಡು, ಅದರ ಕೆಳಗೆ ಉದ್ದನೆ ಹುಡುಗಿ. ಏನೂ ಅರಿಯದೆ ಕಾಲಿನ ಬೆರಳು ಮುಟ್ಟಿ ಬೆನ್ನು ಸಡಿಲಿಸಿಕೊಳ್ಳುತ್ತಿದ್ದಳು.

ಕೋಚನ್ನು ಕರೆದು ತೋರಿಸಿದೆ.

"ಬಣ್ಣ ಉಬ್ಬಿದೆ ಅಷ್ಟೇನಮ್ಮ."

"ಬಣ್ಣಕ್ಕೆ ಇಷ್ಟುದ್ದ ಪಿನ್ನು ಹೋಗುತ್ತಾ ಸಾರ್?"

"ಮೊದ್ಲು ಆ ಕಂಬ ಅಂದೆ. ಸರಿ ಮಾಡ್ಸ್ದೆ. ಈಗ ಈ ಕಂಬ. ನಾಳೆ ಬಾಲು ಚೌಕ ಇದೆ ಅಂತೀಯ."

ಇದೇ ನನಗೆ ಬಿದ್ದ ಪೆಟ್ಟು. ಮೊದಲ ಸಲ ಹೇಳಿದ್ದು ನಿಜವಾಗಿದ್ದರಿಂದಲೇ ಎರಡನೇ ಸಲ ಹೇಳಿದ್ದು ನೆಪವಾಯಿತು. ಆದರೂ ಮೇಂಟೆನೆನ್ಸ್‌ನವನು ಬಂದ. ಬಗ್ಗಲಾರದವನು, ಎದೆಯೆತ್ತರದಲ್ಲಿ ಸುತ್ತಿಗೆಯಿಂದ ಹೊಡೆದ. ಠಣ್ ಅಂತ ಗಂಟೆಯ ಹಾಗೆ ಕೂಗಿತು. "ಆನೆ ಕಟ್ಬೌದು ಕಣಮ್ಮ ಇದಕ್ಕೆ," ಅಂದ. ಕೆಳಗೆ ಹೊಡೆದು ನೋಡಪ್ಪ, ಕಟ್ಟೆಯ ಟೈಲ್ಸ್ ಒಡೆದು ನೋಡು ಅಂದೆ. ಕಟ್ಟೆ ಮುಟ್ಟಬೇಕಾದರೆ ಕ್ರೀಡಾ ಕಾರ್ಯದರ್ಶಿಯವರನ್ನು ಕೇಳಬೇಕು ಅಂದ.

ಕ್ರೀಡಾ ಕಾರ್ಯದರ್ಶಿ ಅಂದರೆ ನಮ್ಮ ಆಟೋಟವನ್ನೆಲ್ಲ ನೋಡಿಕೊಳ್ಳುತ್ತಿದ್ದ ಆಫೀಸರು. ಕೆಟ್ಟವರಲ್ಲ. ನಮಗೆ ಶೂ ಕೊಡಿಸಲು ಮೇಲಿನವರ ಹತ್ತಿರ ಜಗಳ ಆಡಿದವರು. ಆದರೆ ನನ್ನ ಮಾತು ಕೇಳಿ ಕುರ್ಚಿಯಿಂದ ಎದ್ದೇಬಿಟ್ಟರು.

"ಪೂಜೆ ಕಟ್ಟೆ ಒಡೆಯೋದಾ? ಮುಂದಿನ ತಿಂಗಳು ಟೂರ್ನಮೆಂಟ್ ಇಟ್ಕೊಂಡಿದ್ದೀವಿ. ರಾಜ್ಯ ತಂಡದ ಸೆಲೆಕ್ಟರ್‌ಗಳು ಬರ್ತಾರೆ. ಅಂಥ ಹೊತ್ನಲ್ಲಿ ಅಪಶಕುನದ ಕೆಲ್ಸ ಹೇಳ್ತೀರಲ್ಲಮ್ಮ! ನೀವೂ ಮಕ್ಕಳೊಂದಿಗರು."

"ಮಕ್ಕಳೊಂದಿಗಳು ಅಂತಲೇ ಹೇಳ್ತಿದೀನಿ ಸಾರ್. ಕಂಬ ಬಿದ್ರೆ ಯಾರ್ದೋ ಮಗಳ ಮೇಲೆ ಬೀಳುತ್ತೆ."

"ಬಾಯಲ್ಲಿ ಒಳ್ಳೇದು ಬರ್ಲಿ. ಟೂರ್ನಮೆಂಟ್ ಮುಗೀಲಿ, ಒಡೆಸೋಣ. ಅಲ್ಲೀವರೆಗೂ ಏನೂ ಆಗ್ದೇ ಇರೋ ಹಾಗೆ ನಾನು ನೋಡ್ಕೊಳ್ತೀನಿ."

ಅವರು ನೋಡಿಕೊಂಡಿದ್ದು ಹೀಗೆ: ಮುಂದಿನ ಸೋಮವಾರ ಪುರೋಹಿತರನ್ನು ಕರೆಸಿ ಮೂಡಲ ಕಂಬಕ್ಕೆ ವಿಶೇಷ ಪೂಜೆ ಮಾಡಿಸಿದರು. ಬಿಂದಿಗೆಯ ಮೇಲೆ ಬಿಂದಿಗೆ ನೀರಿನ ಅಭಿಷೇಕ. ಅರಿಸಿನದ ನೀರು ಕಟ್ಟೆಯ ಸಂದಿಯಲ್ಲಿ ಗುಳುಗುಳು ಅಂತ ಇಳಿಯುತ್ತಿತ್ತು. ಎಲ್ಲರೂ ಕೈ ಮುಗಿದು ನಿಂತಿದ್ದರು. ನಾನು ನೀರು ಇಳಿಯುವುದನ್ನೇ ನೋಡುತ್ತಿದ್ದೆ. ಆಮೇಲೆ ಹೊಸದಾಗಿ ಬೆಳ್ಳಿ ಬಣ್ಣ ಬಳಿದರು. ನನ್ನ ಪಿನ್ನಿನ ತೂತು ಮುಚ್ಚಿಹೋಯಿತು.

ಅಲ್ಲಿಂದ ನಾನು ನನ್ನ ಕೈಲಾದದ್ದನ್ನು ಮಾಡಿದೆ. ಲೇ-ಅಪ್ ಪ್ರಾಕ್ಟೀಸನ್ನು, ಅಂದರೆ ಓಡಿ ಬಂದು ರಿಂಗಿನ ಕೆಳಗೇ ನೆಗೆದು ಬಾಲು ಹಾಕುವುದನ್ನು, ಪೂರ್ತಿ ಪಡುವಲ ಕಡೆಗೆ ಹಾಕಿದೆ. ಮೂಡಲ ಕಡೆ ದೂರದಿಂದ ಹೊಡೆಯುವುದಷ್ಟೇ. ಬಯಲಿನ ಅಂಕಣದಲ್ಲಿ ಆಡಿದವರಿಗೆಲ್ಲ ಒಂದು ಚಾಳಿ ಇರುತ್ತದೆ. ಲೇ-ಅಪ್ ಹಾಕಿ ವೇಗ ತಡೆಯಲಾರದೆ ಮುಂದಕ್ಕೆ ಹೋಗಿ ಕಂಬ ಹಿಡಿದುಕೊಂಡು ಒಂದು ಸುತ್ತು ತಿರುಗಿ ನಿಲ್ಲುವುದು. ಮೂಡಲ ಕಂಬ ಹಿಡಿದವರಿಗೆ ಅಂಕಣದ ಸುತ್ತ ಓಟ ಅಂದೆ. ಉದ್ದನೆ ಹುಡುಗಿಯನ್ನು ಹಿಡಿದು ರಿಂಗಿನಿಂದ ಐದಾರು ಹೆಜ್ಜೆ ದೂರದ ಫ್ರೀ ಥ್ರೋ ಗೆರೆಯ ಮೇಲೆ ನಿಲ್ಲಿಸಿದೆ.

"ಇಲ್ಲಿಂದ ಹೊಡಿ. ಒಳಕ್ಕೆ ಹೋಗ್ಬೇಡ."

"ನಾನು ಒಳಗಿನ್ ಪ್ಲೇಯರ್ ಅಲ್ವಾ ಅಕ್ಕ? ಇಲ್ಲಿಂದ ಒಡುದ್ರೆ ಕಾಗೆ ಬೀಳ್ತದೆ, ಬಾಲ್ ಬೀಳಲ್ಲ."

"ಮೊಣಕೈ ಒಳಗಿಟ್ಕೊ, ಬೀಳುತ್ತೆ."

"ಸೆಲೆಕ್ಟರ್ ಮುಂದೆ ಇಲ್ ನಿಂತ್ಕೊಂಡ್ರೆ ಗೆರೆ ಕಾಯೋಳು ಅನ್ಕೋತಾರೆ ಅಷ್ಟೇಯ."

ಹೇಳಿದ ಹಾಗೆ ಹೊಡೆಯುತ್ತಿದ್ದಳು, ನಾನು ಆ ಕಡೆ ತಿರುಗಿದ ಕೂಡಲೇ ಮತ್ತೆ ರಿಂಗಿನ ಕೆಳಗಿರುತ್ತಿದ್ದಳು.

ಟೂರ್ನಮೆಂಟು ಬಂತು. ಮೊದಲ ಪಂದ್ಯಗಳು ಹೇಗೋ ಕಳೆದವು. ಎದುರಾಳಿಗಳು ಸಣ್ಣ ತಂಡದವರು, ದೂರದಿಂದಲೇ ಗೆದ್ದೆವು. ಫೈನಲ್ಲಿಗೆ ಸಿಕ್ಕಿದ್ದು ಹೊರಗಿನ ಒಂದು ದೊಡ್ಡ ಇಲಾಖೆಯ ತಂಡ, ಎಲ್ಲರೂ ಎತ್ತರ, ಎಲ್ಲರೂ ಗಟ್ಟಿ. ಮೂಡಲ ಕಂಬದ ಹಿಂದೆ ಶಾಮಿಯಾನ ಹಾಕಿ ಸೋಫಾ ಜೋಡಿಸಿದ್ದರು. ಸೆಲೆಕ್ಟರುಗಳು, ಮ್ಯಾನೇಜರು, ಅವರ ಮನೆಯವರು ಎಲ್ಲ ಅಲ್ಲಿ. ಸೋಫಾಗಳನ್ನು ಅಂಕಣದ ಪಕ್ಕದ ಗೆರೆಯ ಕಡೆಗೆ ಹಾಕಿಸಿ ಸಾರ್ ಅಂತ ಕಾರ್ಯದರ್ಶಿಗಳಿಗೆ ಹೇಳಿದೆ. ಅಲ್ಲಿ ಬಿಸಿಲು ಅಂದರು.

ಮೊದಲ ಅರ್ಧದಲ್ಲಿ ನಾವು ಪಡುವಲಕ್ಕೆ ಹೊಡೆಯಬೇಕು, ಅವರು ಮೂಡಲಕ್ಕೆ. ಅವರನ್ನು ದೂರದಲ್ಲೇ ತಡೆಯಿರಿ, ರಿಂಗಿನವರೆಗೆ ಬರಲು ಬಿಡಬೇಡಿ ಅಂತ ನಮ್ಮವರಿಗೆ ಹೇಳಿದ್ದೆ. ಆಗಲಿಲ್ಲ. ಅವರು ನುಗ್ಗಿ ಬಂದರು, ನಮ್ಮ ಉದ್ದನೆ ಹುಡುಗಿ ತಡೆಯಲು ಹೋದಳು, ಮೂಡಲ ರಿಂಗಿನ ಕೆಳಗೆ ಆರೇಳು ಜನರ ಗುಂಪು. ಬಾಲು ಬೋರ್ಡಿಗೆ ಬಡಿಯುವುದು, ನರಳು, ಮತ್ತೆ ಬಡಿಯುವುದು, ಮತ್ತೆ ನರಳು. ಜನ ಕೂಗುತ್ತಿದ್ದರು, ಯಾರಿಗೂ ಕೇಳಿಸಲಿಲ್ಲ. ನಾನು ನನ್ನ ಆಟ ಮರೆತಿದ್ದೆ. ಬಂದ ಬಾಲು ಕೈಯಿಂದ ಜಾರಿಹೋಯಿತು. ಕೋಚ್ ಆಚೆಯಿಂದ ಬೈಯುತ್ತಿದ್ದುದು ತುಟಿಯ ಆಟದಲ್ಲೇ ಗೊತ್ತಾಗುತ್ತಿತ್ತು.

ಅರ್ಧ ಮುಗಿಯುವ ಸ್ವಲ್ಪ ಮೊದಲು ಅವರ ಆಟಗಾರ್ತಿ ಒಬ್ಬಳು ಓಡಿ ಬಂದು ಲೇ-ಅಪ್ ಹಾಕಿದಳು. ಒಳ್ಳೆಯ ಹೊಡೆತ. ವೇಗ ತಡೆಯಲು ಮೂಡಲ ಕಂಬಕ್ಕೆ ಕೈ ಹಾಕಿ ಒಂದು ಸುತ್ತು ತಿರುಗಿದಳು. ಬುಡದಲ್ಲಿ ಟಕ್ ಅಂತ ಏನೋ ಮುರಿದ ಸದ್ದು. ಬಣ್ಣ ಬಿರಿಯಿತು. ಅವಳು ಮುಗ್ಗರಿಸಿ ಕಟ್ಟೆಯ ಮೇಲೆ ಕೈ ಊರಿ ಎದ್ದಳು, ಅಂಗೈ ನೋಡಿಕೊಂಡಳು. ಕೆಂಪು ಪುಡಿ. ಎದುರಾಳಿ ಊರಿನ ದೇವರು ಕೈಗೆ ಪ್ರಸಾದ ಕೊಟ್ಟಿತು ಅಂದುಕೊಂಡಳೋ ಏನೋ, ಎರಡೂ ಕಣ್ಣಿಗೆ ಒತ್ತಿಕೊಂಡು, ಹಣೆಗೂ ಒಂದಿಷ್ಟು ಹಚ್ಚಿಕೊಂಡು ವಾಪಸ್ ಓಡಿದಳು.

ಆ ಹುಡುಗಿಯ ಹಣೆಯ ಮೇಲಿನ ತುಕ್ಕು ನೋಡಿದಾಗ ನನಗೆ ಏನು ಮಾಡಬೇಕು ಅನ್ನುವುದು ಗೊತ್ತಾಯಿತು. ಧೈರ್ಯ ಅಂತಲ್ಲ. ಇನ್ನು ನೋಡುತ್ತಾ ನಿಲ್ಲಲು ಆಗುವುದಿಲ್ಲ ಅನ್ನಿಸಿತು, ಅಷ್ಟೆ.

ಹಾಫ್ ಟೈಮಿನಲ್ಲಿ ನಾವು ಹಿಂದೆ ಇದ್ದೆವು, ಆದರೆ ಕೈಮೀರಿ ಹೋಗಿರಲಿಲ್ಲ. ಕೋಚ್ ಸ್ಲೇಟಿನ ಮೇಲೆ ಗೆರೆ ಎಳೆದು ಹೇಳುತ್ತಿದ್ದರು. "ಈಗ ಕಡೆ ಬದಲಾಗುತ್ತೆ, ನಮ್ಗೆ ಮೂಡ್ಲು. ಪ್ರತಿ ಬಾಲೂ ಒಳಗೆ, ಇವಳ ಕೈಗೆ. ಇವಳು ರಿಂಗ್ ಕೆಳಗಿಂದ ಅಲ್ಲಾಡ್ಬಾರ್ದು. ಸೆಲೆಕ್ಟರ್‌ಗಳು ಮೂಗಿನ ಮುಂದೇ ಕೂತಿದ್ದಾರೆ." ಉದ್ದನೆ ಹುಡುಗಿ ತಲೆ ಅಲ್ಲಾಡಿಸುತ್ತಾ ನೀರು ಕುಡಿಯುತ್ತಿದ್ದಳು. ಅವಳ ಮುಖದಲ್ಲಿ ಬೆಳಕು ಇತ್ತು. ಇವತ್ತು ಆಗಿಹೋಗುತ್ತದೆ ಅನ್ನುವ ಬೆಳಕು.

"ನಾವು ಇಳಿಯಲ್ಲ ಸಾರ್," ಅಂದೆ.

"ಏನು?"

"ಬುಡ ಬಿರುಕು ಬಿಟ್ಟಿದೆ. ಬನ್ನಿ ತೋರಿಸ್ತೀನಿ. ಇಲ್ಲಾಂದ್ರೆ ನಾನು ಟೀಮ್ ಇಳಿಸಲ್ಲ."

ಅವರು ಬರಲಿಲ್ಲ. ನಾನು ನೇರವಾಗಿ ರೆಫರಿಯ ಹತ್ತಿರ ಹೋದೆ. ಆತ ಒಳ್ಳೆಯ ಮನುಷ್ಯ, ಬಂದು ನೋಡಿದ. ಬಿರುಕು ಬಿಟ್ಟ ಬಣ್ಣ ನೋಡಿದ, ಸೋಫಾದ ಮೇಲಿದ್ದವರನ್ನೂ ನೋಡಿದ. "ಅಮ್ಮಾ, ಕಂಬ ನಿಂತಿದೆಯಲ್ಲಾ. ನಿಂತಿರೋ ಕಂಬಕ್ಕೆ ಮ್ಯಾಚ್ ನಿಲ್ಸೋಕೆ ನಂಗೆ ರೂಲ್ ಇಲ್ಲ. ನೀವು ಇಳೀದಿದ್ರೆ ಇಪ್ಪತ್ತು–ಸೊನ್ನೆ ಅಂತ ಅವರೇ ಗೆದ್ದಂಗೆ ಬರೀಬೇಕಾಗುತ್ತೆ. ಯೋಚ್ನೆ ಮಾಡಿ."

"ಬರೀರಿ," ಅಂದೆ.

ಸೀಟಿ ಊದಿ ಕರೆದ. ಎದುರು ತಂಡ ಬಂದು ನಿಂತಿತು. ನಮ್ಮ ಹುಡುಗಿಯರು ಕೋಚಿನ ಮುಖ, ನನ್ನ ಮುಖ ನೋಡಿದರು. ನಾನು ಅಂಕಣದ ಅಂಚಿನ ಗೆರೆಯ ಮೇಲೆ ಎರಡೂ ಕೈ ಅಗಲಿಸಿ ನಿಂತೆ. ಉದ್ದನೆ ಹುಡುಗಿ ನನ್ನ ಕೈ ಸರಿಸಲು ನೋಡಿದಳು. ಬಲವಾದ ಹುಡುಗಿ. ಆದರೆ ಹದಿನೈದು ವರ್ಷ ಜನರನ್ನು ತಡೆದು ಬದುಕಿದವಳು ನಾನು. ಬಿಡಲಿಲ್ಲ. ರೆಫರಿ ಕಾದ, ಗಡಿಯಾರ ನೋಡಿಕೊಂಡ, ಬರೆದ.

ಆಮೇಲೆ ನಡೆದದ್ದು ಮೈಸೂರಿನ ಹಳೆ ಆಟಗಾರರಿಗೆ ಈಗಲೂ ನಗುವ ವಿಷಯ. ಕಾರ್ಯದರ್ಶಿಗಳು ಮೈಕ್ ಹಿಡಿದು, ಹಗ್ಗಜಗ್ಗಾಟದ ತಂಡದ ನಾಲ್ಕು ಜನರನ್ನು ಕರೆದರು. "ತಳ್ರಯ್ಯಾ! ಬೀಳುತ್ತಾ ನೋಡೋಣ!" ನಾಲ್ವರೂ ತೋಳು ಮಡಚಿ ಪಕ್ಕದಿಂದ ತಳ್ಳಿದರು. ಬೋರ್ಡು ನಡುಗಿತು, ಬಲೆ ಆಡಿತು. ಕಂಬ ನಿಂತೇ ಇತ್ತು. ಆಡುವಾಗ ಭಾರ ಬೀಳುವುದು ಮುಂದಕ್ಕೆ, ಪಕ್ಕಕ್ಕಲ್ಲ ಅಂತ ಹೇಳಲು ಬಾಯಿ ತೆರೆದೆ. ಚಪ್ಪಾಳೆಯಲ್ಲಿ ಮುಚ್ಚಿಹೋಯಿತು. ಕಂಬ ಬೀಳಲಿ, ನನ್ನ ಮಾನ ಉಳಿಯಲಿ ಅಂತ ನನಗೆ ಅನ್ನಿಸಲಿಲ್ಲ. ಕೆಳಗೆ ನಾಲ್ಕು ಜನ ಇದ್ದರಲ್ಲ.

ಬಟ್ಟೆ ಬದಲಿಸುವ ಕೋಣೆಯಲ್ಲಿ ಉದ್ದನೆ ಹುಡುಗಿ ಶೂ ಬಿಚ್ಚದೆ ಕೂತಿದ್ದಳು. ಸೆಲೆಕ್ಟರುಗಳ ಕಾರು ಹೋದ ಸದ್ದು ಕೇಳಿ ತಲೆ ಎತ್ತಿದಳು.

"ನಿಮ್ದು ಮುಗ್ದೋಯ್ತು ಅಂತ ನಂದೂ ಮುಗುಸ್ಬುಟ್ರಲ್ಲಕ್ಕ."

ನಾನು ನನ್ನ ಶೂ ಬಿಚ್ಚಿ ಚೀಲಕ್ಕೆ ಹಾಕಿದೆ. ಹೇಳಲು ಇದ್ದದ್ದೆಲ್ಲ ಹೇಳಿ ಆಗಿತ್ತು.

ವಾರದೊಳಗೆ ನನ್ನ ಪರ್ಮಿಷನ್ ರದ್ದಾಯಿತು. ತಂಡದಿಂದ ತೆಗೆದರು, ಶಿಫ್ಟಿಗೆ ಹಾಕಿದರು. ಮಗಳನ್ನು ಚಾಮರಾಜಪುರಂನಲ್ಲಿದ್ದ ನನ್ನ ಅಮ್ಮನ ಮನೆಗೆ ಬಿಟ್ಟೆ. ಟೂರ್ನಮೆಂಟ್ ಆದಮೇಲೆ ಒಡೆಸುತ್ತೇನೆ ಅಂದಿದ್ದ ಕಟ್ಟೆಯನ್ನು ಯಾರೂ ಒಡೆಸಲಿಲ್ಲ. ಯಾಕೆ ಒಡೆಸಬೇಕು? ನಾಲ್ಕು ಜನ ತಳ್ಳಿ ನೋಡಿದ್ದರಲ್ಲ! ಗುಡಿಸುವ ಹೆಂಗಸೂ ಊರಿಂದ ಬಂದಳು, ಶುಕ್ರವಾರದ ನೀರು ಮತ್ತೆ ಶುರುವಾಯಿತು. ಪ್ಯಾಕಿಂಗ್ ವಿಭಾಗದ ಕಿಟಕಿಯಿಂದ ಅಂಕಣ ಕಾಣುತ್ತಿರಲಿಲ್ಲ, ಬಾಲಿನ ಸದ್ದು ಮಾತ್ರ ಬರುತ್ತಿತ್ತು. ಡಬ್ಬಕ್ಕೆ ಟೇಪು ಸುತ್ತುತ್ತಾ ಕಿವಿ ಅಲ್ಲೇ ಇರುತ್ತಿತ್ತು. ಬಾಲು ನೆಲಕ್ಕೆ ಬಡಿಯುವುದು ನಿಂತರೆ ನನ್ನ ಕೈಯೂ ನಿಲ್ಲುತ್ತಿತ್ತು. ಮತ್ತೆ ಬಡಿದರೆ ಮತ್ತೆ ಟೇಪು. ಉದ್ದನೆ ಹುಡುಗಿ ಗೇಟಿನಲ್ಲಿ ಎದುರಾದರೆ ಮುಖ ತಿರುಗಿಸಿಕೊಂಡು ಹೋಗುತ್ತಿದ್ದಳು.

ಇನ್ನೇನು ಮತ್ತೆ ನವರಾತ್ರಿ ಅನ್ನುವಾಗ ಒಂದು ಬೆಳಿಗ್ಗೆ ನಾನು ಶಿಫ್ಟಿಗೆ ಬಂದು ಏಪ್ರನ್ ಕಟ್ಟಿಕೊಳ್ಳುತ್ತಿದ್ದೆ. ಆಚೆ ಬಾಲಿನ ಸದ್ದು. ಒಬ್ಬಳೇ ಆಡುವ ಸದ್ದು ಬೇರೆ, ತಂಡ ಆಡುವ ಸದ್ದು ಬೇರೆ, ಇದು ಒಬ್ಬಳದು. ಆಮೇಲೆ ಬೋರ್ಡಿಗೆ ಬಡಿದದ್ದು. ಆಮೇಲೆ ನೆಲ ಅದುರಿತು. ಕಿಟಕಿಯ ಗಾಜು ಗಿರ್ ಅಂದಿತು. ಮತ್ತೆ ಬಾಲಿನ ಸದ್ದು ಬರಲಿಲ್ಲ.

ನಾನು ಓಡಲಿಲ್ಲ. ಡಬ್ಬದ ಮೇಲೆ ಕೂತುಬಿಟ್ಟೆ. ಯಾರೋ ಓಡಿದರು, ಯಾರೋ ಕೂಗಿದರು, ಸೆಕ್ಯುರಿಟಿಯವರ ಸೀಟಿ ಕೇಳಿಸಿತು. ಯಾರಾದರೂ ಬಂದು ಹೇಳಲಿ, ಅಲ್ಲಿಯವರೆಗೆ ನಾನು ಏಳುವುದಿಲ್ಲ ಅಂತ ಕೂತಿದ್ದೆ. ಟೀ ಬಂತು, ಮುಂದೆ ಇಟ್ಟು ಹೋದರು. ಕೆನೆ ಕಟ್ಟಿತು.

ಬಾಗಿಲಲ್ಲಿ ನೆರಳು ಬಿತ್ತು. ಅಷ್ಟೆತ್ತರದ ನೆರಳು ಆ ಕಾರ್ಖಾನೆಯಲ್ಲಿ ಒಂದೇ. ಕಂಕುಳಲ್ಲಿ ಬಾಲು ಇಲ್ಲ, ಮೈ ಮೇಲೆ ಒಂದು ಗೀರೂ ಇಲ್ಲ. ಬಂದು ನನ್ನ ಎದುರಿನ ಡಬ್ಬದ ಮೇಲೆ ಕೂತಳು.

"ಬಿದ್ದೋಯ್ತು," ಅಂದಳು.

"ಕೇಳುಸ್ತು. ಯಾರಿದ್ರು?"

"ನಾನೊಬ್ಳೇಯ. ಬೋರ್ಡು ಸೀದಾ ರಿಂಗ್ ಕೆಳ್ಗಡೆ ಜಾಗಕ್ಕೇ ಬಿತ್ತು. ನೆಲಕ್ಕೆ ಗುಂಡಿ ಬಿದ್ದದೆ. ಬಾಲು ಅದುರ್ ಅಡೀಲೇ ಓಯ್ತು."

"ನೀನೆಲ್ಲಿದ್ದೆ?"

ಅವಳು ತನ್ನ ಕೈ ನೋಡಿಕೊಂಡಳು. "ಗೆರೆ ಮೇಲೆ."



"ಅವತ್ತಿಂದ ಒಳಕ್ ಓಗೇ ಇಲ್ಲ ಕಣಕ್ಕ ನಾನು," ಅಂದಳು. "ಕೋಚ್ ಸಾರು ದಿನಾ ಉಗೀತಾರೆ, ಉದ್ದ ಬೆಳ್ದು ದಂಡ ಅಂತ. ಓಗ್ಬೇಕು ಅನ್ಕತೀನಿ, ಗೆರೆ ತಾವ ಬಂದ್ರೆ ಕಾಲು ನಿಂತೋಯ್ತದೆ. ನಿಮ್ನ ಬೈಕಂಡೇ ಅಲ್ಲಿಂದ ಒಡೀತಿದ್ದೆ."

ಕಂಬ ಗಾಳಿಗೆ ಬಿತ್ತು ಅಂತ ಆಫೀಸಿನವರು ಮಧ್ಯಾಹ್ನದ ಹೊತ್ತಿಗೆ ಹೇಳಿಯಾಗಿತ್ತು. ಆ ದಿನ ಎಲೆ ಅಲ್ಲಾಡುವಷ್ಟೂ ಗಾಳಿ ಇರಲಿಲ್ಲ. ನನ್ನನ್ನು ಯಾರೂ ವಾಪಸ್ ಕರೆಯಲಿಲ್ಲ, ನಾನೂ ಕೇಳಲು ಹೋಗಲಿಲ್ಲ. ಅದೆಲ್ಲ ಆಮೇಲಿನದು. ಆ ಹೊತ್ತಿಗೆ ನಾನು ತಣ್ಣಗಾದ ಟೀ ಲೋಟವನ್ನು ಅವಳ ಕಡೆ ತಳ್ಳಿದೆ.

"ಮೊಣಕೈ ಒಳಗಿಟ್ಕೊಂಡು ಹೊಡೀತಿದ್ದೀಯೋ, ಇಲ್ವೋ?"

"ಮಡೀಕೊಂಡೇ ಒಡೀತಿದ್ದೀನಿ."

"ತೋರ್ಸು."

ಅವಳು ಎದ್ದು ನಿಂತು ಖಾಲಿ ಕೈ ಎತ್ತಿದಳು. ಮೊಣಕೈ ಸರಿಯಾದ ಜಾಗದಲ್ಲಿತ್ತು.